ಮದ್ವೆ ಆಗಿಲ್ಲ ಸ್ವಾಮಿ

ಅಪ್ಪ ತೀರಿಕೊಂಡು ವರ್ಷ ತುಂಬುವ ಮೊದಲೇ ಕೋರ್ಟಿನ ಅಮೀನ ನಮ್ಮ ಜಗಲಿಗೆ ಬಂದು ಸಮನ್ಸು ಕೊಟ್ಟು ಸಹಿ ಹಾಕಿಸಿಕೊಂಡು ಹೋದ. ನಾನು ಚನ್ನಪಟ್ಟಣದಲ್ಲಿ ಗಂಡನ ಮನೆಯಲ್ಲಿದ್ದು ಬಿಡದಿಯ ಒಂದು ಕಾರ್ಖಾನೆಗೆ ದಿನಾ ರೈಲಿನಲ್ಲಿ ಓಡಾಡುವವಳು. ಆವತ್ತು ರಜೆ ಹಾಕಿ ಅವ್ವನನ್ನು ನೋಡಲು ಊರಿಗೆ ಬಂದಿದ್ದೆ. ಊರೆಂದರೆ ರಾಮನಗರದಿಂದ ಕನಕಪುರಕ್ಕೆ ಹೋಗುವ ದಾರಿಯಲ್ಲಿ ಒಳಕ್ಕೆ ತಿರುಗಿದರೆ ಸಿಗುವ ಸಣ್ಣ ಊರು. ಅಪ್ಪನದು ಅಲ್ಲಿ ಒಂದು ಮನೆ, ರಸ್ತೆ ಬದಿಯ ಹಿಪ್ಪುನೇರಳೆ ತೋಟ, ಒಂದು ಕುರಿಮಂದೆ. ಕುರಿಗಳನ್ನು ಅಪ್ಪ ಹೋದ ಮೇಲೆ ಮಾರಿಬಿಟ್ಟಿದ್ದೆವು.

ಸಮನ್ಸಿನ ಜೊತೆಯಲ್ಲಿದ್ದ ದಾವಾ ಕಾಗದವನ್ನು ಅವ್ವನಿಗೆ ಓದಿ ಹೇಳಲು ಹೊರಟವಳು ಎರಡನೇ ಪುಟದಲ್ಲಿ ನಿಂತುಬಿಟ್ಟೆ. ದಾವಾ ಹಾಕಿದವನು ನಮ್ಮ ಚಿಕ್ಕಪ್ಪ, ಅಪ್ಪನ ಒಡಹುಟ್ಟಿದ ತಮ್ಮ. ಹಾಕಿದ್ದು ಅವ್ವನ ಮೇಲೆ ಮತ್ತು ನನ್ನ ಮೇಲೆ. ನಮ್ಮವ್ವ ಅಪ್ಪನ ಕಾನೂನುಬದ್ಧ ಪತ್ನಿಯೇ ಅಲ್ಲವಂತೆ, ಅವರ ಜೊತೆ ಸುಮ್ಮನೆ ವಾಸವಿದ್ದವಳಂತೆ, ಆದ್ದರಿಂದ ಆಸ್ತಿಯಲ್ಲಿ ಅವಳಿಗೆ ಯಾವ ಹಕ್ಕೂ ಇಲ್ಲವಂತೆ. ನಮ್ಮ ಮನೆಯ ಗೋಡೆ ದಾಟಿದರೆ ಚಿಕ್ಕಪ್ಪನ ಮನೆ. ಹಬ್ಬಕ್ಕೆ ಅವ್ವ ಮಾಡಿದ ಒಬ್ಬಟ್ಟು ತಿಂದು ಕೈ ತೊಳೆದುಕೊಂಡು ಹೋದವನು ಈ ಮಾತು ಬರೆಸಿದ್ದಾನಲ್ಲ ಅಂತ ನನ್ನ ಮೈಯೆಲ್ಲ ಉರಿಯಿತು.

ನನಗೆ ಮೊದಲೇ ಮೂಗಿನ ತುದಿಯಲ್ಲಿ ಕೋಪ. ಕಾಗದ ಹಿಡಿದುಕೊಂಡೇ ಗೋಡೆ ಬಳಸಿ ಹೋಗಿ ಚಿಕ್ಕಪ್ಪನ ಅಂಗಳದಲ್ಲಿ ನಿಂತು ಬಾಯಿಗೆ ಬಂದ ಹಾಗೆ ಬೈದೆ. ಚಿಕ್ಕಪ್ಪ ಒಂದಿಷ್ಟೂ ಅಲುಗಲಿಲ್ಲ. “ನನ್ ಮ್ಯಾಲೆ ಯಾಕವ್ವ ರೇಗ್ತೀಯ? ನಿಮ್ಮವ್ವನ್ನೇ ಕೇಳೋಗು. ನಾನೇನು ಸುಳ್ ಬರ್ಸಿಲ್ಲ,” ಅಂದ. ಬಾಗಿಲ ಹಿಂದೆ ನಮ್ಮ ಅತ್ತೆ ನಿಂತಿದ್ದಳು. ಅತ್ತೆ ಅಂದರೆ ಅಪ್ಪನಿಗೂ ಚಿಕ್ಕಪ್ಪನಿಗೂ ಅಕ್ಕ, ಚಿಕ್ಕ ವಯಸ್ಸಿಗೇ ಗಂಡ ಹೋಗಿ ತವರು ಸೇರಿದವಳು. ಈಗ ಎಂಬತ್ತರ ಆಸುಪಾಸು, ಚಿಕ್ಕಪ್ಪನ ಮನೆಯಲ್ಲೇ ಊಟ, ಅಲ್ಲೇ ಮಲಗುವುದು. ಆಕೆ ಒಳಕ್ಕೆ ಹೋದಳು.

ನಾನು ಅವ್ವನನ್ನು ಕೇಳಲಿಲ್ಲ. ಏನಂತ ಕೇಳುವುದು? ನೀನು ಅಪ್ಪನನ್ನ ಮದುವೆ ಆಗಿದ್ದೀಯಾ ಅಂತ ಹೆತ್ತ ತಾಯಿಯನ್ನು ಕೇಳುವ ನಾಲಿಗೆ ಯಾರಿಗಿದೆ? ಅವ್ವ ಒಲೆ ಮುಂದೆ ಕೂತು ಮುದ್ದೆ ತಿರುವುತ್ತಿದ್ದಳು.

ರಾಮನಗರದ ನಮ್ಮ ವಕೀಲರು ಕಾಗದವನ್ನೆಲ್ಲ ಓದಿ, ಕನ್ನಡಕ ತೆಗೆದಿಟ್ಟು, ಹೆದರಬೇಡಿ ಅಂದರು. ಇಷ್ಟು ವರ್ಷ ಗಂಡ ಹೆಂಡತಿಯೆಂದು ಊರೆದುರು ಬಾಳಿದವರನ್ನು ಕೋರ್ಟು ಗಂಡ ಹೆಂಡತಿಯೆಂದೇ ತಿಳಿಯುತ್ತದೆ, ಅಲ್ಲ ಅನ್ನುವವರೇ ಅದನ್ನು ತೋರಿಸಿಕೊಡಬೇಕು ಅಂದರು. ಆಮೇಲೆ ನನ್ನ ಕಡೆ ತಿರುಗಿ, “ನಿಮ್ಮ ಪಾಲಿಗೆ ಹೆಂಗೂ ತೊಂದರೆ ಇಲ್ಲಮ್ಮ. ಮದುವೆ ನಿಲ್ಲದಿದ್ರೂ ಮಕ್ಕಳ ಕೈಯನ್ನ ಕಾನೂನು ಬಿಡಲ್ಲ. ಹೋಗೋದಾದ್ರೆ ನಿಮ್ಮ ತಾಯಿದು ಹೋಗುತ್ತೆ,” ಅಂದರು. ನನ್ನ ಪಾಲು ಯಾರಿಗೆ ಬೇಕಾಗಿತ್ತು? ಅಪ್ಪನಿಗೆ ಪಾರ್ಶ್ವವಾಯು ಬಡಿದು ಮಲಗಿದಾಗ ಅವನನ್ನು ಮಗುವಿನ ಹಾಗೆ ಎತ್ತಿ ಕೂರಿಸಿ ಉಣ್ಣಿಸಿದವಳು ಅವ್ವ. ಅವಳನ್ನು ಇಟ್ಟುಕೊಂಡವಳು ಅಂತ ಕೋರ್ಟು ಬರೆದುಬಿಟ್ಟರೆ ಆ ಊರಿನ ನಲ್ಲಿ ಹತ್ತಿರ ಅವಳು ಬಿಂದಿಗೆ ಹಿಡಿದು ನಿಲ್ಲುವುದು ಹೇಗೆ? ನನಗೆ ಬೇಕಾಗಿದ್ದುದು ಅವಳು ಹೆಂಡತಿ ಅನ್ನುವ ಒಂದು ಮಾತು, ಅಷ್ಟೇ.

ವಕೀಲರು ಅವ್ವನನ್ನು, “ಮದುವೆ ಎಲ್ಲಾಯ್ತಮ್ಮ?” ಅಂತ ಕೇಳಿದಾಗ ಅವ್ವ ಸೆರಗಿನ ತುದಿ ತಿರುಚುತ್ತ ಕೂತಿದ್ದಳು. ನಾನೇ ಮಧ್ಯೆ ಬಾಯಿ ಹಾಕಿ, ಊರಲ್ಲೇ ಸಾರ್, ಮನೆ ಮುಂದೇನೇ, ಆ ಕಾಲದಲ್ಲಿ ಫೋಟೋ ಎಲ್ಲಿ ತೆಗೀತಿದ್ರು ಅಂತೆಲ್ಲ ಹೇಳಿಬಿಟ್ಟೆ. ನನಗೆ ಗೊತ್ತಿದ್ದುದಾದರೂ ಏನು? ಗೊತ್ತಿದೆ ಅಂದುಕೊಂಡಿದ್ದೆ. ಅದೆಲ್ಲ ಪ್ರಮಾಣಪತ್ರದಲ್ಲಿ ಟೈಪಾಗಿ ಅವ್ವ ಅದರ ಕೆಳಗೆ ಹೆಬ್ಬೆಟ್ಟು ಒತ್ತಿದಳು.

ಕೋರ್ಟಿಗೆ ಹೋದವರಲ್ಲಿ ಗೆದ್ದವನು ಸೋತ, ಸೋತವನು ಸತ್ತ ಅನ್ನುತ್ತಾರೆ. ವಾಯಿದೆ ಮೇಲೆ ವಾಯಿದೆ ಬಿದ್ದು ಕೊನೆಗೊಂದು ದಿನ ಅವ್ವನ ಪಾಟೀ ಸವಾಲು ಬಂತು. ಅಂದರೆ ಚಿಕ್ಕಪ್ಪನ ಕಡೆಯ ವಕೀಲ ಅವ್ವನನ್ನು ಪ್ರಶ್ನೆ ಮಾಡುವ ದಿನ. ಅವ್ವ ಕಟಕಟೆ ಹತ್ತಿ, ದೇವರ ಮೇಲೆ ಪ್ರಮಾಣ ಮಾಡಿ, ಒಗೆದ ಸೀರೆಯ ಸೆರಗನ್ನು ಹೊದ್ದು ನಿಂತಳು. ಆ ವಕೀಲ ಜೋರು ಮಾಡುವವನಲ್ಲ. ಮನೆಮಗನ ಹಾಗೆ ನಗುನಗುತ್ತ ಕೇಳಿದ.

“ನಿಮಗೂ ತೀರ್ಕೊಂಡೋರಿಗೂ ಮದುವೆ ಆಗಿತ್ತೇನಮ್ಮ?”

“ಇಲ್ಲ. ಮದ್ವೆ ಆಗಿಲ್ಲ ಸ್ವಾಮಿ,” ಅಂದಳು ಅವ್ವ.

ಅವ್ವನಿಗೆ ಪ್ರಶ್ನೆ ಸರಿಯಾಗಿ ಕೇಳಿಸಿಲ್ಲ ಅಂತ ಅರ್ಧ ಎದ್ದೂಬಿಟ್ಟೆ. ಪಕ್ಕದಲ್ಲಿದ್ದವರು ಸೆರಗು ಹಿಡಿದು ಕೂರಿಸಿದರು.

“ಧಾರೆ ಎರೆದಿದ್ರಾ?”

“ಇಲ್ಲ ಸ್ವಾಮಿ.”

“ಹಾಗಾದ್ರೆ ನಿಮಗೆ ಮದುವೆನೇ ಆಗಿಲ್ವಾ?”

“ಆಗೈತೆ. ಅದು ಮಾಗಡಿ ತಾವ, ಸಾವನದುರ್ಗದ ತಪ್ಪಲಲ್ಲಿ ಒಂದೂರು. ಅವರು ಬೇರೆಯೋರು. ಮದ್ವೆ ಆದ ವರ್ಸವೇ ತೀರ್ಕಂಡ್ರು.”

ಆ ವಕೀಲ ಬುದ್ಧಿವಂತ. ಮತ್ತೆ ಹೆಂಗಮ್ಮ ಈ ಮನೆಗೆ ಬಂದೆ ಅಂತ ಕೇಳಲೇ ಇಲ್ಲ. ಸಾಕು ಸ್ವಾಮಿ ಅಂತ ನ್ಯಾಯಾಧೀಶರಿಗೆ ಕೈ ಮುಗಿದು ಕೂತುಬಿಟ್ಟ. ಚಿಕ್ಕಪ್ಪ ಮೀಸೆ ಸವರಿಕೊಂಡ. ಟೈಪು ಮಾಡುವ ಹುಡುಗಿಯ ಬೆರಳು ಟಕಟಕ ಓಡುತ್ತಿತ್ತು, ಒಂದೊಂದು ಟಕ್ಕೂ ನನ್ನ ತಲೆಯೊಳಗೇ ಬೀಳುತ್ತಿತ್ತು. ನಲವತ್ತು ದಾಟಿದ ನಾನು, ನಮ್ಮವ್ವನಿಗೆ ಅಪ್ಪನಿಗಿಂತ ಮುಂಚೆ ಇನ್ನೊಬ್ಬ ಗಂಡ ಇದ್ದ ಅನ್ನುವುದನ್ನು ಪರ ಊರಿನವರ ಮುಂದೆ, ಫ್ಯಾನಿನ ಕೆಳಗೆ, ಕರೀ ಕೋಟಿನವನೊಬ್ಬ ಕೇಳಿದ್ದಕ್ಕೆ ತಿಳಿದುಕೊಂಡೆ.

ಅವ್ವ ಮಾತ್ರ ತಪ್ಪಿಲ್ಲದೆ ಪಾಠ ಒಪ್ಪಿಸಿದವಳ ಹಾಗೆ ನಿಧಾನವಾಗಿ ಇಳಿದು ಬಂದಳು. ಹೊರಗೆ ಹುಣಸೆಮರದ ಕೆಳಗೆ ಅವಳ ರಟ್ಟೆ ಹಿಡಿದುಕೊಂಡೆ.

“ಏನವ್ವ ಹಿಂಗಂದ್ಬುಟ್ಟೆ? ಹೆಂಗವ್ವ ಅಂದೆ?”

“ದೇವ್ರ ಮ್ಯಾಲೆ ಆಣೆ ಇಡ್ಸಿ ಕೇಳುದ್ರು. ಸುಳ್ಳೇಳಾಕಾಯ್ತದಾ?” ಅಂದಳು. “ನಿಮ್ಮಪ್ಪನ ಜೊತೆ ನಂದು ಸೀರುಡ್ಕೆ ಕಣವ್ವ. ಸೀರುಡ್ಕೇನ ಮದ್ವೆ ಅಂತ ಎಂಗಂದೇನು?”

ಗಂಡ ಸತ್ತ ಹೆಣ್ಣಿಗೆ ಮತ್ತೊಬ್ಬ ಗಂಡಸು ಹಿರಿಯರ ಎದುರು ಹೊಸ ಸೀರೆ ಕೊಟ್ಟು, ತಾಳಿ ಕಟ್ಟಿ ಮನೆ ತುಂಬಿಸಿಕೊಳ್ಳುವುದು ಸೀರುಡಿಕೆ. ಆ ಮಾತನ್ನು ನಾನು ಬೈಗುಳದಲ್ಲಿ ಮಾತ್ರ ಕೇಳಿದ್ದೆ. ಅವ್ವ ಆ ಮರದ ಕೆಳಗೇ ಬಿಡಿಸಿ ಹೇಳಿದಳು. ಸೀರುಡಿಕೆಗೆ ಚಪ್ಪರ ಇಲ್ಲ, ವಾಲಗ ಇಲ್ಲ, ಲಗ್ನ ಕಟ್ಟಿಸುವುದಿಲ್ಲ, ಧಾರೆ ಇಲ್ಲ. ದೀಪ ಹಚ್ಚುವ ಹೊತ್ತಿನಲ್ಲಿ ಒಳಮನೆಯಲ್ಲಿ ಆಗಬೇಕು. ಮುತ್ತೈದೆಯರು ಬರುವ ಹಾಗಿಲ್ಲ, ಗಂಡ ಸತ್ತ ಹೆಂಗಸೊಬ್ಬಳೇ ಸೀರೆ ಎತ್ತಿ ಕೊಡಬೇಕು. ಹೆಣ್ಣಿಗೆ ಮದುವೆ ಅನ್ನುವುದು ಜನ್ಮಕ್ಕೆ ಒಂದೇ, ಅದು ಆಗಿ ಹೋಯಿತು. ಇದರ ಹೆಸರು ಬೇರೆ. ಸೀರುಡಿಕೆಯಾದವಳು ಶುಭಕಾರ್ಯಗಳಲ್ಲಿ ಮುಂದೆ ನಿಲ್ಲುವ ಹಾಗೂ ಇಲ್ಲ. ಅಪ್ಪನಿಗೂ ಮೊದಲ ಹೆಂಡತಿ ಹೆರಿಗೆಯಲ್ಲಿ ಹೋಗಿದ್ದಳಂತೆ. ಅದೂ ನನಗೆ ಗೊತ್ತಿರಲಿಲ್ಲ.

ನಮ್ಮ ವಕೀಲರು ತಲೆಯ ಮೇಲೆ ಕೈ ಹೊತ್ತು ಕೇಳುತ್ತಿದ್ದರು. “ಅಲ್ಲಮ್ಮ, ಇದನ್ನ ಅಲ್ಲೇ ಯಾಕೆ ಹೇಳ್ಲಿಲ್ಲ?”

“ಅವರು ಅದ್ನ ಕೇಳ್ನಿಲ್ಲವಲ್ಲ ಸ್ವಾಮಿ,” ಅಂದಳು ಅವ್ವ.

ವಕೀಲರಿಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ. ಆಮೇಲೆ ಸಮಾಧಾನವಾಗಿ ನನಗೆ ವಿವರಿಸಿದರು. ಧಾರೆಯೇ ಆಗಬೇಕು, ಏಳು ಹೆಜ್ಜೆಯೇ ತುಳಿಯಬೇಕು ಅಂತ ಕಾನೂನು ಹಟ ಹಿಡಿಯುವುದಿಲ್ಲ. ಯಾವ ಜನರಲ್ಲಿ ಯಾವ ಪದ್ಧತಿ ತಲೆಮಾರಿನಿಂದ ನಡೆದುಬಂದಿದೆಯೋ ಅದರ ಪ್ರಕಾರ ಆದರೆ ಅದೂ ಮದುವೆಯೇ. ಆದರೆ ಪದ್ಧತಿ ಇದೆ, ಅದರಂತೆ ನಡೆಯಿತು ಅಂತ ಹಿರಿಯರು ಬಂದು ಸಾಕ್ಷಿ ಹೇಳಬೇಕು. ಇಲ್ಲದಿದ್ದರೆ ಅವ್ವನ ಬಾಯಿಂದ ಬಂದ ಮಾತೇ ಅವಳನ್ನು ಮುಳುಗಿಸುತ್ತದೆ. ಅವರು ಅದಕ್ಕೊಂದು ಅರ್ಜಿ ಹಾಕಿದರು, ನಾನು ಸಾಕ್ಷಿ ಹುಡುಕಲು ಹೊರಟೆ.

ಆಗ ನೋಡಬೇಕಾಗಿತ್ತು ನಮ್ಮ ಜನದ ಚಂದವನ್ನ. ಅಪ್ಪನ ಸೀರುಡಿಕೆಗೆ ಯಜಮಾನಿಕೆ ಮಾಡಿ ಎಲೆ ಅಡಿಕೆ ಹಂಚಿದವರು ಊರಲ್ಲಿ ಇನ್ನೂ ಗಟ್ಟಿಯಾಗಿದ್ದರು. ಅವರ ಮನೆಗೆ ಹೋದರೆ ಹೊಸ ಟೈಲ್ಸ್ ಹಾಕಿದ ಹಜಾರದಲ್ಲಿ ಕೂರಿಸಿ ಕಾಫಿ ಕೊಟ್ಟು, “ಸೀರುಡ್ಕೆಯಾ? ಅದೆಲ್ಲ ನಮ್ಮಲ್ಲಿ ಎಲ್ಲೈತವ್ವ? ಅದು ಬೇರೆ ಜನದೋರ್ದು,” ಅಂದರು. ಕಣ್ಣಿಗೆ ಕಣ್ಣು ಕೊಟ್ಟು ಅಂದರು. ನಾನು ಬಿಡಲಿಲ್ಲ. ನಮ್ಮವ್ವ ಆಕಾಶದಿಂದ ಉದುರಿ ಈ ಊರಿಗೆ ಬಂದಳಾ ತಾತ ಅಂತ ಕೇಳಿದೆ. ಅವರು ಬಾಗಿಲ ಕಡೆ ನೋಡಿ ದನಿ ತಗ್ಗಿಸಿದರು.

“ಕಣ್ಣಾರೆ ಕಂಡಿವ್ನಿ ಕಣವ್ವ, ಇಲ್ಲ ಅನ್ನಾಕಿಲ್ಲ. ಆದ್ರೆ ಮೊಮ್ಮಗ ಇಂಜಿನಿಯರು, ಎಣ್ಣು ನೋಡ್ತಾವ್ರೆ. ಕೋರ್ಟಲ್ಲಿ ನಿಂತ್ಕಂಡು ನಮ್ ಕುಲ್ದಲ್ಲಿ ಸೀರುಡ್ಕೆ ಐತೆ ಅಂದ್ರೆ ನಾಳೆ ನಮ್ಮನೆಗೆ ಎಣ್ ಕೊಡ್ತಾರಾ? ಒಸಿ ಯೋಚ್ನೆ ಮಾಡು.”

ಎಲ್ಲರ ಮನೆಯಲ್ಲೂ ಇದೇ ರಾಗ. ವಿಧವೆಯನ್ನು ಮೂಲೆಗೆ ತಳ್ಳದೆ ಮನೆ ತುಂಬಿಸಿಕೊಳ್ಳುತ್ತಿದ್ದ ಜನ ನಾವು. ಎದೆ ತಟ್ಟಿ ಹೇಳಿಕೊಳ್ಳಬೇಕಾದದ್ದನ್ನು, ಓದು ಬರಹ ಬಂದ ಮೇಲೆ, ಹರಿದ ಚಾಪೆಯ ಹಾಗೆ ಮಡಚಿ ಅಟ್ಟಕ್ಕೆ ಸೇರಿಸಿದ್ದರು. ನನಗೆ ಚಿಕ್ಕಪ್ಪನ ಮೇಲಿದ್ದ ಸಿಟ್ಟು ಇಡೀ ಊರಿನ ಮೇಲೆ ತಿರುಗಿತು.

ಸೀರೆ ಎತ್ತಿ ಕೊಟ್ಟವರು ಯಾರು ಅಂತ ಅವ್ವನನ್ನು ಎಷ್ಟು ಕೇಳಿದರೂ ಹೇಳಲಿಲ್ಲ. ಕಾಡಿಸಿ ಕಾಡಿಸಿ ಕೇಳಿದ ಮೇಲೆ ಗೋಡೆಯಾಚೆ ಕೈ ತೋರಿಸಿದಳು. “ನಿಮ್ಮತ್ತೆ. ಅವ್ಳನ್ನ ಮಾತ್ರ ಎಳೀಬ್ಯಾಡ. ತಮ್ಮನ ಮನೇಲಿ ಅನ್ನ ತಿಂತಾವ್ಳೆ, ನಿನ್ನ ಕಡೆ ಸಾಕ್ಷಿ ಏಳುದ್ರೆ ಅವ್ಳ್ನ ಬೀದಿಗೆ ಆಕ್ತಾನೆ ಅವ್ನು.”

ಅವ್ವ ಹೇಳಿದ್ದು ನಿಜವೇ. ಆದರೂ ಚಿಕ್ಕಪ್ಪ ರೇಷ್ಮೆ ಗೂಡಿನ ಮೂಟೆ ತುಂಬಿಕೊಂಡು ರಾಮನಗರದ ಮಾರ್ಕೆಟ್ಟಿಗೆ ಹೋದ ಬೆಳಿಗ್ಗೆ ನಾನು ಗೋಡೆ ಬಳಸಿ ಹೋದೆ. ಅತ್ತೆ ಮೊರದಲ್ಲಿ ಹುರುಳಿ ಕೇರುತ್ತಿದ್ದಳು. ನಾನು ಹೇಳಿದ್ದನ್ನೆಲ್ಲ ಕೇಳಿಸಿಕೊಂಡಳು. ಮೊರ ನಿಲ್ಲಿಸಲಿಲ್ಲ. “ಯಾವತ್ತು ಬರ್ಬೇಕು ಅಂತ ಏಳು, ಬತ್ತೀನಿ,” ಅಂದಳು. ತಮ್ಮ ಏನಂದಾನು ಅತ್ತೆ ಅಂದೆ. ಅವಳು ಮೊರ ಕೊಡವಿ ಹೊಟ್ಟು ಹಾರಿಸಿದಳು.

ಅವಳ ಸಾಕ್ಷಿಯ ದಿನ ಚಿಕ್ಕಪ್ಪ ಅವಳನ್ನು ನಮ್ಮ ಕಡೆಯ ಬೆಂಚಿನಲ್ಲಿ ಕಂಡು ಬಾಯಿ ತೆರೆದವನು ಮುಚ್ಚಲಿಲ್ಲ. ಅತ್ತೆ ಕಟಕಟೆಯ ಕಂಬಿ ಹಿಡಿದು ನಿಂತು, ನಮ್ಮ ವಕೀಲರು ಕೇಳಿದ್ದಕ್ಕೆಲ್ಲ ಮೆಲ್ಲಗೆ ಉತ್ತರ ಕೊಟ್ಟಳು. ಹೌದು, ತಾನೇ ಸೀರೆ ಕೊಟ್ಟದ್ದು. ಹಸಿರು ಸೀರೆ. ತಮ್ಮ ತಾಳಿ ಕಟ್ಟಿದ. ಯಜಮಾನರು ಇದ್ದರು. ನ್ಯಾಯಾಧೀಶರು ತಲೆ ಎತ್ತಿ ಅವಳನ್ನೇ ನೋಡುತ್ತಿದ್ದರು.

ಆಮೇಲೆ ಆ ನಗುವ ವಕೀಲ ಎದ್ದ. ಅತ್ತೆಗೆ ವಯಸ್ಸಾಗಿದೆ, ನೆನಪು ಕೆಟ್ಟಿದೆ, ನಾದಿನಿಯ ಮೇಲಿನ ಮರುಕಕ್ಕೆ ಹೇಳುತ್ತಿದ್ದಾಳೆ ಅಂತ ಸುತ್ತಿ ಬಳಸಿ ಕೇಳಿದ. ಅತ್ತೆ ಎಲ್ಲದಕ್ಕೂ ಇಲ್ಲ ಅಂದಳು. ಕೊನೆಗೆ ಅವನು, “ನಿಮ್ಮ ಕುಲದಲ್ಲಿ, ನಿಮ್ಮ ಮನೆತನದಲ್ಲಿ ಸೀರುಡಿಕೆ ಅನ್ನೋ ಪದ್ಧತಿಯೇ ಇಲ್ಲ. ಸರಿ ತಾನೆ?” ಅಂದ.

“ಸರಿಯಲ್ಲ ಸ್ವಾಮಿ. ಇಲ್ದಿದ್ರೆ ನಾನ್ಯಾಕೆ ಈ ಮನೇಲಿ ಇರ್ತಿದ್ದೆ?”

“ಅಂದ್ರೆ?” ಅಂದುಬಿಟ್ಟ ವಕೀಲ. ಅವ್ವನ ಹತ್ತಿರ ಒಂದು ಪ್ರಶ್ನೆ ಉಳಿಸಿಕೊಂಡು ಗೆದ್ದವನು ಅತ್ತೆಯ ಹತ್ತಿರ ಒಂದು ಪ್ರಶ್ನೆ ಜಾಸ್ತಿ ಕೇಳಿದ.

“ನಮ್ಮಪ್ಪ ಬೇರೆ ಸ್ವಾಮಿ. ಅವರು ಪ್ಲೇಗಲ್ಲಿ ತೀರ್ಕಂಡ್ರಂತೆ. ನಮ್ಮವ್ವ ನನ್ನ ಕಂಕುಳಲ್ಲಿ ಎತ್ಕಂಡು ಈ ಮನೆಗೆ ಸೀರುಡ್ಕೇಲಿ ಬಂದ್ಲು. ಆಮ್ಯಾಕೆ ಈ ಗಂಡುಮಕ್ಳು ಉಟ್ಟುದ್ರು. ತೀರ್ಕಂಡೋನೂ ಸೀರುಡ್ಕೆ ಮಗ್ನೇ. ಅಗೋ ಅಲ್ಲಿ ಕುಂತವ್ನಲ್ಲ ದಾವಾ ಆಕ್ದೋನು, ಅವ್ನೂ ಸೀರುಡ್ಕೆ ಮಗ್ನೇ.”

ಬಾಗಿಲು ಮುಚ್ಚಿದ ಹಾಗೆ ಸದ್ದು ನಿಂತುಹೋಯಿತು ಅಂತ ಬರೆದರೆ ಚಂದವಾಗಿರುತ್ತಿತ್ತು, ಆದರೆ ಹಾಗೆ ಆಗಲಿಲ್ಲ. ಹೊರಗೆ ಯಾರನ್ನೋ ಕೂಗಿ ಕರೆಯುತ್ತಿದ್ದರು, ಫ್ಯಾನು ತಿರುಗುತ್ತಿತ್ತು, ಟೈಪಿನ ಹುಡುಗಿ ಇನ್ನೊಂದು ಸಲ ಹೇಳಿ ಅಜ್ಜಿ ಅಂದಳು. ಅತ್ತೆ ಇನ್ನೊಂದು ಸಲ ಹೇಳಿದಳು. ನಾನು ಚಿಕ್ಕಪ್ಪನನ್ನು ನೋಡಿದೆ. ಅವನಿಗೆ ಗೊತ್ತಿರಲಿಲ್ಲ. ಎಪ್ಪತ್ತು ಹತ್ತಿರ ಬಂದವನ ಮುಖ ಏಟು ತಿಂದ ಹುಡುಗನ ಮುಖವಾಗಿತ್ತು. ನಾನು ಅವ್ವನ ಪಾಟೀ ಸವಾಲಿನ ದಿನ ಹೇಗೆ ಕೂತಿದ್ದೆನೋ ಹಾಗೇ ಕೂತಿದ್ದ. ಅವನು ಸೋತ ಅಂತ ಕುಣಿಯಬೇಕಾಗಿದ್ದ ನಾನು ಬೇರೆ ಕಡೆ ಮುಖ ತಿರುಗಿಸಿಕೊಂಡೆ.

ಹೊರಗೆ ಬಂದ ಮೇಲೆ ಅವನು ಅಕ್ಕನೆದುರು ನಿಂತ. “ಏನಕ್ಕ ಮಾಡ್ಬುಟ್ಟೆ? ಮೊಮ್ಮಗಳಿಗೆ ಸಂಬಂಧ ಗೊತ್ತಾಗೈತೆ. ಇನ್ನ ಯಾರಕ್ಕ ಬತ್ತಾರೆ?”

“ನಿಮ್ಮತ್ತಿಗೆಗೆ ಒಂದು, ನಮ್ಮವ್ವಂಗೆ ಒಂದು ನ್ಯಾಯ ಇಲ್ಲ ಕಣ್ಲಾ,” ಅಂದಳು ಅತ್ತೆ. “ನಿಮ್ಮತ್ತಿಗೆ ಎಂಡ್ರಲ್ಲ ಅಂದ್ರೆ ನಮ್ಮವ್ವನೂ ಅಲ್ಲ. ಅಂಗಾದ್ರೆ ನೀನ್ಯಾವ ಲೆಕ್ಕದಲ್ಲಿ ಆಸ್ತಿ ಕೇಳಾಕೆ ಬಂದೆ?”

ಅವನು ಸ್ಕೂಟರು ಹತ್ತಿ ಹೋದ. ಅತ್ತೆ ನಮ್ಮ ಜೊತೆ ಬಸ್ಸಿಗೆ ಬಂದಳು. ಆವತ್ತಿನಿಂದ ಅವಳ ಊಟ ಗೋಡೆಯ ಈಚೆಗೆ ಬಂತು. ಅವ್ವ ಅವಳಿಗೆ ತನ್ನ ಮಂಚ ಬಿಟ್ಟುಕೊಟ್ಟು ಕೆಳಗೆ ಹಾಸಿಕೊಂಡಳು.

ತೀರ್ಪು ಮಳೆಗಾಲ ಮುಗಿದ ಮೇಲೆ ಬಂತು. ಪದ್ಧತಿ ಆ ಮನೆತನದಲ್ಲೇ ಎರಡು ತಲೆಮಾರು ನಡೆದಿದೆ, ಅದರ ಪ್ರಕಾರ ಆದ ಮದುವೆ ಸಿಂಧು, ಪ್ರತಿವಾದಿ ಮೃತರ ಧರ್ಮಪತ್ನಿ, ದಾವಾ ವಜಾ. ಇಂಗ್ಲಿಷಿನಲ್ಲಿದ್ದುದನ್ನು ವಕೀಲರು ಕನ್ನಡ ಮಾಡಿ ಹೇಳಿದರು. ನಾನು ಅಲ್ಲೇ ಅತ್ತುಬಿಟ್ಟೆ.

ಬಸ್ಸಿನಲ್ಲಿ ಕಿಟಕಿ ಪಕ್ಕ ಕೂತ ಅವ್ವ ಊರ ತಿರುವು ಬರುವ ಮುಂಚೆ ಕೇಳಿದಳು. “ಜಡ್ಜ್ ಸಾಯೇಬ್ರು ಏನಂದ್ರು? ಸೀರುಡ್ಕೆ ಅಂದ್ರಾ, ಮದ್ವೆ ಅಂದ್ರಾ?”

“ಎರಡೂ ಒಂದೇ ಅಂದ್ರವ್ವ. ನೀನು ಯಾವತ್ತೂ ಹೆಂಡ್ತಿನೇ ಅಂತ.”

“ಮೊದ್ಲಿಂದಲೂವಾ?”

“ಮೊದಲಿಂದಲೂ.”

ಅವ್ವ ನನ್ನ ಕಡೆ ತಿರುಗಿ, “ಅಂಗಾದ್ರೆ ನಿನ್ನ ಧಾರೆಗೆ ನಾನೇ ಕುಂತ್ಕೋಬೋದಾಗಿತ್ತಾ?” ಅಂದಳು.

ನನ್ನ ಮದುವೆ ಚನ್ನಪಟ್ಟಣದ ಛತ್ರದಲ್ಲಿ ಆಗಿತ್ತು. ನಮ್ಮ ಜೋಡಿಗೈ ಮೇಲೆ ಹಾಲೆರೆದು ಧಾರೆ ಕೊಟ್ಟವರು ಚಿಕ್ಕಪ್ಪ ಮತ್ತು ಚಿಕ್ಕಮ್ಮ. ಅಪ್ಪನಿಗೆ ಸೊಂಟ ನೋವು, ಕೂರಲಾಗುವುದಿಲ್ಲ ಅಂದಿದ್ದರು. ಮಾಂಗಲ್ಯದ ಹೊತ್ತಿನಲ್ಲಿ ಅವ್ವ ಎಲ್ಲಿ ಅಂತ ಹುಡುಕಿಸಿದರೆ ಅಡುಗೆಯವರ ಹಿಂದೆ ನಿಂತು ಅನ್ನದ ಕೊಪ್ಪರಿಗೆ ನೋಡಿಕೊಳ್ಳುತ್ತಿದ್ದಳು. ಮಗಳ ಧಾರೆಗಿಂತ ಅನ್ನ ಹೆಚ್ಚಾಯಿತಾ ಅಂತ ನಾನು ಸಂಜೆ ಮುನಿಸಿಕೊಂಡಿದ್ದೆ. ಅವಳು ನಕ್ಕಿದ್ದಳು.

“ಕೂತ್ಕೋಬೋದಾಗಿತ್ತು ಅವ್ವ,” ಅಂದೆ.

“ಯಾರೂ ಏಳ್ಲೇ ಇಲ್ಲವಲ್ಲವ್ವ,” ಅಂದಳು.